ಎತ್ತಬಾರದಿದ್ದ ಚಾಪೆ

"ಈ ಚಾಪೆ ನಾನೇ ನೇಯ್ದದ್ದು, ಲಫಾಯೆಲೆ ಮಾವ. ಇದು ಅಸೆನತಿ ಕೈಗೆ ಹೆಂಗೆ ಬಂತು?"

ಕೂತ್ಕೋ ಎಂದರೂ ಫಿಲೆಮು ಕೂರಲಿಲ್ಲ. ಆಸ್ಪತ್ರೆಯಿಂದ ಬಂದ ಮೇಲೆ ಅವಳಿಗೆ ಬೆನ್ನಿಗೊಂದು ಕಂಬ ಬೇಕೇ ಬೇಕು. ಹಿಂದೆ ಬಯಲಿದ್ದರೆ ನಿಂತಲ್ಲಿ ನಿಲ್ಲಲಾರಳು. ತಲೆಯೊಡೆದು, ಚಾಪೆಗೆ ಎಲೆ ಕೊಯ್ಯುವ ತನ್ನ ಕೇದಗೆ ಹಿತ್ತಲಲ್ಲಿ ಬಿದ್ದಿದ್ದವಳನ್ನು ಮೊದಲು ಕಂಡದ್ದು ನರ್ಸ್ ಮಟಲೇನಾ. ಸಂಜೆಯ ಪ್ರಾರ್ಥನೆಗೆ ಶಂಖ ಊದಿ, ಸರದಿಯ ಕಾವಲಿನವನ ಹೊರತು ಊರೆಲ್ಲ ಮನೆಯೊಳಗಿದ್ದಾಗ ಯಾರೋ ಹಿಂದಿನಿಂದ ಹೊಡೆದಿದ್ದರು. ಪ್ರಾರ್ಥನೆ ಮುಗಿದ ಶಂಖ ಕೇಳಿದ ಮೇಲೆಯೇ ಮಟಲೇನಾ ಅವಳನ್ನು ಹುಡುಕುತ್ತ ಹೋದದ್ದು.

ಮರುದಿನ ಬೆಳಕು ಹರಿಯುವ ಮೊದಲೇ ಅಸೆನತಿ ಈ ಚಾಪೆ ಹೊದ್ದು ಫಿಲೆಮುವಿನ ಅಣ್ಣ ಪೆನಿಯ ಅಂಗಳದಲ್ಲಿ ಮಂಡಿಯೂರಿದ್ದಳು. ಕುಡಿದ ಅಮಲಿನಲ್ಲಿ ತನ್ನ ಮಗ ತವಿತಾ ಹೊಡೆದ, ಕ್ಷಮಿಸಿ ಎಂದಳು. ಪೆನಿ ಅವಳ ತಲೆಯಿಂದ ಚಾಪೆ ಎತ್ತಿದ. ಎತ್ತಿದರೆ ಕ್ಷಮಿಸಿದಂತೆ, ಸಮೋವಾದಲ್ಲಿ ಆಮೇಲೆ ಆ ಮಾತನ್ನು ಯಾರೂ ಆಡಬಾರದು. ತವಿತಾಗೆ ಏನೂ ನೆನಪಿರಲಿಲ್ಲ. "ಮಾಡಿದ್ರೂ ಮಾಡಿರಬಹುದು" ಎಂದು ಅತ್ತ, ಊರು ಬಿಟ್ಟ.

"ಅಣ್ಣ ಚಾಪೆ ಎತ್ತುವಾಗ ನನ್ನ ಕೇಳಿದ್ನಾ?" ಫಿಲೆಮು ಕಂಬಕ್ಕೆ ಬೆನ್ನೊತ್ತಿದಳು. "ಎಲ್ಲರೂ ಮರೆತುಬಿಡು ಅಂತಾರೆ. ಗಾಯ ಅವರದ್ದಾ? ನಾಳೆ ಸಭೇಲಿ ಎದ್ದು ಮಾತಾಡ್ತೀನಿ ಮಾವ. ಆದರೆ ತಪ್ಪು ಹೆಸರು ಹೇಳಿ ಇನ್ನೊಬ್ಬರ ಮನೆ ಮುರಿಯಬಾರದು."

ಪೊಲೀಸ್ ಕೆಲಸ ಬಿಟ್ಟು ವರ್ಷಗಳಾಗಿದ್ದರೂ ಊರಿನ ಗಂಟುಗಳೆಲ್ಲ ಬಿಚ್ಚುವುದಕ್ಕೆ ಬರುತ್ತಿದ್ದದ್ದು ಲಫಾಯೆಲೆಯ ಬಳಿಗೇ. ಬೆನ್ನಿಗೆ ಮಟಲೇನಾ ಇದ್ದೇ ಇರುತ್ತಿದ್ದಳು, ಅರ್ಧ ಸಹಾಯಕ್ಕೆ, ಅರ್ಧ ಅವನ ಬಾಯಿಚಪಲ ಕಾಯುವುದಕ್ಕೆ.

"ಯಾರಿಗೆ ಕೊಟ್ಟಿದ್ದೆ ಇದನ್ನ?" ಎಂದ ಲಫಾಯೆಲೆ.

"ಸೊಲೊಮೋನಾ ಮಗಳ ಮದುವೆಗೆ. ತಿಂಗಳುಗಟ್ಟಲೆ ನೇಯ್ದದ್ದು, ಚಿನ್ನದಷ್ಟು ಬೆಲೆ ಇದಕ್ಕೆ. ಈ ಕೆಂಪು ಹಕ್ಕಿಗರಿ ಕೆಳಗೆ ಎಳೆ ಹಿಂದಕ್ಕೆ ಮಡಚಿದೀನಿ ನೋಡಿ. ಅದು ನನ್ನ ಕೈ."

ಸೊಲೊಮೋನಾ ಊರಿನ ಹಿರಿಯ, ಅಂಗಡಿ ಅವನದೇ, ಬಸ್ಸೂ ಅವನದೇ. ಕಡಲಿಗೆ ಮುಖ ಮಾಡಿದ ಫಿಲೆಮುವಿನ ಕೇದಗೆ ಹಿತ್ತಲಲ್ಲಿ ವಸತಿಗೃಹ ಕಟ್ಟುವ ಆಸೆ ಅವನಿಗೆ. ಅವಳು ಸುತರಾಂ ಒಪ್ಪಿರಲಿಲ್ಲ.

"ಬಡವಳು ಅಂತ ಕನಿಕರದಿಂದ ಕೊಟ್ಟಿರಬಹುದು" ಎಂದಳು ಮಟಲೇನಾ.

"ಎಂಜಲು ಕೈಲಿ ಕಾಗೆ ಓಡಿಸದವನು ಚಾಪೆ ದಾನ ಮಾಡ್ತಾನಾ? ನಡಿ."

ಅಸೆನತಿ ಹಲಸಿನಂಥ ಬ್ರೆಡ್‌ಫ್ರೂಟನ್ನು ಕೆಂಡದಲ್ಲಿ ಸುಡುತ್ತಿದ್ದಳು. ಚಾಪೆಯ ಮಾತೆತ್ತಿದ್ದೇ ಅವಳ ಮುಖ ಬಿಳಿಚಿತು.

"ಸೊಲೊಮೋನಾನೇ ತಂದುಕೊಟ್ಟ, ಯಾರಿಗೂ ಹೇಳ್ಬೇಡ ಅಂದ. ನಿನ್ನ ಮಗ ಫಿಲೆಮು ತಲೆ ಒಡೆದಿದಾನೆ, ಬೆಳಗಾಗೋದ್ರೊಳಗೆ ಹೋಗಿ ಮಂಡಿಯೂರು ಅಂದ. ಅಯ್ಯೋ, ದೇವರ ಹಾಡು ಮುಗಿಸೋಕೂ ಬಿಡಲಿಲ್ಲ ಕಣಪ್ಪ."

ತಿಂಡಿಯತ್ತ ಹೋಗಿದ್ದ ಲಫಾಯೆಲೆಯ ಕೈ ಹಾಗೇ ನಿಂತಿತು. ಏನೂ ತಿನ್ನದೆ ಎದ್ದು ಹೊರಟ. ಇವನಿಗೆ ಮೈ ಸರಿಯಿಲ್ಲವೇನೋ ಎಂದುಕೊಂಡಳು ಮಟಲೇನಾ.

ಮರುದಿನ ಸಭಾಮನೆಯಲ್ಲಿ ಊರೆಲ್ಲ ಸೇರಿತ್ತು. ಫಿಲೆಮು ಕಂಬಕ್ಕೆ ಒರಗಿ ಕೂತಿದ್ದಳು. ಲಫಾಯೆಲೆ ನಡುವೆ ಚಾಪೆ ಹಾಸಿ, ಅದು ಯಾರ ಕೈಯಿಂದ ಯಾರ ಮನೆಗೆ ಹೋಗಿತ್ತೆಂದು ಹೇಳಿದ.

"ಪಾಪ ಅಂತ ಕೊಟ್ಟೆ" ಎಂದು ಸೊಲೊಮೋನಾ ನಕ್ಕ. "ಅದೂ ತಪ್ಪಾ?"

"ತಪ್ಪಲ್ಲ. ಯಾವಾಗ ಕೊಟ್ಟೆ?"

"ಸುದ್ದಿ ಗೊತ್ತಾದ ಮೇಲೆ."

"ಅಸೆನತಿ, ಇವನು ಬಂದಾಗ ಏನು ಮಾಡ್ತಿದ್ದೆ?"

"ಪ್ರಾರ್ಥನೆ. ಸಂಜೆ ಹಾಡಿನ್ನೂ ಅರ್ಧ ಆಗಿತ್ತು."

"ಮಟಲೇನಾ, ಫಿಲೆಮು ಸಿಕ್ಕಿದ್ದು?"

"ಪ್ರಾರ್ಥನೆ ಮುಗಿದ ಶಂಖ ಊದಿದ ಮೇಲೆ." ಹೇಳುತ್ತಿದ್ದಂತೆ ಮಟಲೇನಾಗೆ ಅರ್ಥವಾಯಿತು.

"ಯಾರೂ ಇನ್ನೂ ನೋಡದ ಗಾಯದ ಸುದ್ದಿ ನಿನಗೆ ಯಾರು ಹೇಳಿದ್ರು, ಸೊಲೊಮೋನಾ? ಪ್ರಾರ್ಥನೆ ಹೊತ್ತಲ್ಲಿ ರಸ್ತೆ ಮೇಲೆ ಕಾವಲಿನವನು ಬಿಟ್ಟು ಬೇರೆ ಯಾರೂ ಓಡಾಡೋ ಹಾಗಿಲ್ಲ. ಅವತ್ತು ಕಾವಲು ನಿಂದು. ಹಿತ್ತಲ ಆಸೆಗೆ ನೀನೇ ಹೊಡೆದೆ. ತವಿತಾ ಕುಡಿದು ಬಿದ್ದಿದ್ದು ಕಂಡೆ. ಅವನ ಅಮ್ಮ ಮಂಡಿಯೂರಿದರೆ ಊರಿನ ಬಾಯಿ ಮುಚ್ಚುತ್ತೆ ಅಂತ ಲೆಕ್ಕ ಹಾಕಿದೆ. ನಿನ್ನ ಹೆಂಡತಿ ಅವತ್ತು ಮನೇಲಿದ್ದಿದ್ರೆ, ಇದು ಫಿಲೆಮು ಕೈದು ಅಂತ ಗುರುತು ಹಿಡಿದು ಮುಟ್ಟೋಕೂ ಬಿಡ್ತಿರಲಿಲ್ಲ. ಗಂಡಸರಿಗೆ ಚಾಪೆ ಅಂದ್ರೆ ಎಲ್ಲಾ ಒಂದೇ!"

ಅಸೆನತಿ ಎದೆ ಬಡಿದುಕೊಂಡು ಅತ್ತಳು. ಸೊಲೊಮೋನಾ ಸುತ್ತ ನೋಡಿದ. ಒಂದು ಮುಖವೂ ಅವನ ಕಡೆಗಿರಲಿಲ್ಲ. ಅವನು ತೆವಳಿಕೊಂಡು ಬಂದು ಅದೇ ಚಾಪೆಯನ್ನು ತನ್ನ ತಲೆಯ ಮೇಲೆ ಎಳೆದುಕೊಂಡು ಬಾಗಿದ.

ಚಾಪೆ ಎತ್ತುವುದಕ್ಕೆ ಪೆನಿ ಅಭ್ಯಾಸಬಲದಿಂದ ಎದ್ದ.

"ಮುಟ್ಟಬೇಡ, ಅಣ್ಣ."

ಫಿಲೆಮು ಕಂಬ ಬಿಟ್ಟು ಎದ್ದಿದ್ದಳು. ಸಭೆಯ ನಡುವಿಗೆ ಬಂದು ನಿಂತಳು. ಅವಳ ಬೆನ್ನ ಹಿಂದೆ ಬರೀ ಬಯಲು. ಮಟಲೇನಾ ಹಿಡಿದುಕೊಳ್ಳಲು ಹೋದವಳು ತನ್ನನ್ನು ತಡೆದುಕೊಂಡು ಕೂತಳು.

"ನಾನು ನೇಯ್ದ ಚಾಪೆ ಅದು. ಎತ್ತೋದೋ ಬೇಡವೋ ನಾನು ಹೇಳ್ತೀನಿ. ಈಗ ನೀವೆಲ್ಲ ಕೂತು ಕೇಳಿ. ಅವತ್ತು ಸಂಜೆ ನಾನು ಕೇದಗೆ ಕೊಯ್ತಾ ಇದ್ದೆ..."