ಏಳೂವರೆಯ ನಗು

"ಏ ಹಿಂದಿನ ಸಾಲಿನ ಕರೇ ಟೊಪಗಿ! ಹೌದು, ನಿನಗ ಹೇಳೂದು... ಮುಂದ ಬಾ!"

ಮೈಕಿನಲ್ಲಿ ಶೈಲಾಳ ದನಿ ಕಂಪನಿಯ ಅಂಗಳದ ತುಂಬ ಹಾರಾಡಿತು. ಇನ್ನೂರು ತಲೆಗಳು ಒಮ್ಮೆಲೇ ಹಿಂದೆ ತಿರುಗಿದವು.

ಪುಣೆ ಹತ್ತಿರದ ರಾಂಜಣಗಾಂವದ ಈ ಫ್ಯಾಕ್ಟರಿಯಲ್ಲಿ ದಿನಾ ಮುಂಜಾನೆ ಏಳೂವರೆಗೆ, ಫೋನು ಲಾಕರಿಗೆ ಹಾಕಿ ಕೆಲಸಕ್ಕೆ ನಿಲ್ಲುವ ಮೊದಲು, ಎಲ್ಲರೂ ಐದು ನಿಮಿಷ ನಗಬೇಕು. ಮೇಲಿನವರ ಆರ್ಡರು! ನಕ್ಕರೆ ಆರೋಗ್ಯ ಚಲೋ ಇರುತ್ತದಂತೆ, ಕೈ ಚುರುಕಾಗುತ್ತದಂತೆ. ಕುಡಿಯುವ ನೀರಿನ ನಳ ಕೆಟ್ಟು ತಿಂಗಳಾದರೂ ರಿಪೇರಿ ಇಲ್ಲ. ಕಂತ್ರಾಟಿನವರಿಗೆ ಐತವಾರ ಬಿಟ್ಟರೆ ಒಂದು ದಿನ ರಜೆ ಇಲ್ಲ. ನಗು ಮಾತ್ರ ತಪ್ಪುವ ಹಾಗಿಲ್ಲ!

ಮಂದಿಯಲ್ಲಿ ಅರ್ಧ ಕನ್ನಡದವರು, ಅರ್ಧ ಮರಾಠಿಯವರು; ಎಲ್ಲರನ್ನೂ ನಗಿಸುವ ಕೆಲಸ ಶೈಲಾಳದು. ಅವಳು ನಕ್ಕರೆ ಅಳುವವರೂ ನಗುತ್ತಿದ್ದರು. ಅದಕ್ಕೇ ಸೂಪರ್‌ವೈಸರ್ ಕೃಷ್ಣಾಜಿ ಮೈಕು ಕೊಟ್ಟು, 'ಹಿಂಗೇ ನಡೆಸು, ಪರ್ಮನೆಂಟ್ ಲಿಸ್ಟಿನಲ್ಲಿ ನಿನ್ನ ಹೆಸರು ಹಾಕಿಸುತ್ತೇನೆ' ಅಂದಿದ್ದ.

ಕರೇ ಟೊಪ್ಪಿಗೆಯವನು ಮುಂದೆ ಬಂದ. ಎರಡು ತಿಂಗಳಿಂದ ಅವನನ್ನು ನೋಡುತ್ತಿದ್ದಳು. ಕಡೆಯ ಸಾಲು, ಅಂಗಿಯ ಕಿಸೆಯ ಮೇಲೊಂದು ಕೈ, ಗೋಡೆಯಂಥ ಮುಖ. ಒಂದು ದಿನವೂ ನಕ್ಕಿರಲಿಲ್ಲ.

'ನನ್ನ ನಗು ಇವನಿಗೆ ಅಷ್ಟು ಸಸಾರವೇ?'

"ಏನ್ ಹೆಸರು?"

"ಮಾಂತು."

"ಬಾಯಿಗೆ ಹೊಲಿಗಿ ಹಾಕ್ಯಾರೇನೋ ಮಾಂತು? ಹಲ್ಲು ಅದಾವೋ ಇಲ್ಲೋ, ನೋಡೂಣು ತೋರ್ಸು!"

ಅಂಗಳ ಹೋ ಎಂದು ನಕ್ಕಿತು. ಯಾರೋ ಸೀಟಿ ಹೊಡೆದರು.

"ನೀ ನಗೂತನಕ ಬಿಡಂಗಿಲ್ಲ!"

ಅವನು ತಲೆ ಎತ್ತಿ ನೋಡಿದ. ಕಣ್ಣು ಕೆಂಪಗಿದ್ದವು. ಬಾಯಿ ತೆರೆದ.

"ಹ... ಹ... ಹ."

ಎಲ್ಲರೂ ಚಪ್ಪಾಳೆ ತಟ್ಟಿದರು. ಶೈಲಾ ಮಾತ್ರ ಮೈಕು ಕೆಳಗಿಳಿಸಿದಳು. 'ಇದು ನಗುವಲ್ಲ... ಮತ್ತೆ ಏನಿದು?'

ಅದು ಊಟದ ಹೊತ್ತಿಗೆ ಗೊತ್ತಾಯಿತು. ಮಾಂತುವಿನ ಖೋಲಿಯಲ್ಲೇ ಇರುವ ಶಿವಪ್ರಕಾಶ ಡಬ್ಬಿ ಹಿಡಿದು ಅವಳೆದುರು ನಿಂತ. ಕೂರಲಿಲ್ಲ.

"ಭಾಳ ಚಲೋ ನಗಿಸಿದಿ ಬಿಡವಾ ಶೈಲಾ."

"ಯಾಕಣ್ಣಾ, ಏನಾತು?"

"ಐತವಾರ ಅವ್ವನ್ನ ಮಣ್ಣು ಮಾಡಿ ಬಂದಾನ ಅಂವಾ. ಇವತ್ತ ಮೂರನೇ ದಿನ. ರಜಾ ಕೇಳಿದ್ರ ಗೇಟ್ ಪಾಸ್ ಕಸಗೋತೀವಿ ಅಂದ್ರಂತ. ಬಸ್ ಹತ್ತಿ ಬಂದ. ನೀ ನಗಿಸಿದಿ!"

ಮುರಿದ ರೊಟ್ಟಿ ಶೈಲಾಳ ಕೈಯಲ್ಲೇ ಉಳಿಯಿತು.

ಕೈ ತೊಳೆಯುವಲ್ಲಿ ಒಂದು ಕನ್ನಡಿಯಿತ್ತು. ತನ್ನ ಹಲ್ಲು ತನಗೇ ನೋಡಲಾಗಲಿಲ್ಲ. ಸತ್ತ ತಾಯಿಯ ಮಗನಿಗೆ ಹಲ್ಲು ತೋರಿಸು ಅಂದೆನಲ್ಲ... ಅದೂ ಮೈಕಿನಲ್ಲಿ! ನೆಲ ಬಿರಿದು ಒಳಗೆ ಎಳೆದುಕೊಂಡರೆ ಸಾಕಿತ್ತು.

ಕೆಲಸ ಬಿಟ್ಟಾಗ ಗೇಟಿನ ಹತ್ತಿರ ಅವನನ್ನು ತಡೆದಳು.

"ಮಾಂತು ಅವರ... ನನಗ ಖರೇನ ಗೊತ್ತಿರಲಿಲ್ರಿ..."

"ಗೊತ್ತಿದ್ರ ಏನ್ ಮಾಡ್ತಿದ್ರಿ? ಆರ್ಡರ್ ಅಂದ್ರ ಆರ್ಡರ್ ಅಲ್ರಿ?"

ತಿರುಗಿಯೂ ನೋಡದೆ ಹೋಗಿಬಿಟ್ಟ. ಬೈದಿದ್ದರೆ ಎಷ್ಟೋ ವಾಸಿಯಿತ್ತು!

ಮರುದಿನ ಏಳೂವರೆ.

"ಚಲ್ ಶೈಲಾ, ಹಸವ್ ಸಗಳ್ಯಾಂನಾ!" ಎಲ್ಲರನ್ನೂ ನಗಿಸು ಎಂದು ಕೃಷ್ಣಾಜಿ ಮೈಕು ಚಾಚಿದ.

ಶೈಲಾ ಮೈಕು ಇಸಿದುಕೊಂಡಳು. ಮೈಕಿನಲ್ಲಿ ಕಳೆದ ಮಾನವನ್ನು ಮೂಲೆಯಲ್ಲಿ ನಿಂತು ಪಿಸುಗುಟ್ಟಿ ಹಿಂದೆ ಕೊಡಲಾಗುತ್ತದೆಯೇ?

ಎಲ್ಲರಿಗೂ ತಿಳಿಯಲೆಂದು ಮರಾಠಿಯಲ್ಲಿ ಶುರು ಮಾಡಿದಳು. ನಿನ್ನೆ ನಾನು ನಗಿಸಿದ ಮನುಷ್ಯ ತಾಯಿಯನ್ನು ಕಳೆದುಕೊಂಡು ಮೂರೇ ದಿನವಾಗಿತ್ತು, ಚಪ್ಪಾಳೆ ತಟ್ಟಿದ ನಿಮ್ಮದಲ್ಲ, ತಪ್ಪು ನನ್ನದು ಅಂದಳು. ಕಡೆಯ ಮಾತು ಮಾತ್ರ ತಾನಾಗೇ ಕನ್ನಡದಲ್ಲಿ ಹೊರಬಿತ್ತು.

"ಮಾಂತು ಅವರ... ತಪ್ಪಾತ್ರಿ."

ಮೈಕನ್ನು ಮೇಜಿನ ಮೇಲಿಟ್ಟಳು.

ಕೃಷ್ಣಾಜಿ ಹತ್ತಿರ ಬಂದು ಹಲ್ಲು ಕಚ್ಚಿದ. ಪರ್ಮನೆಂಟ್ ಲಿಸ್ಟ್ ಮರೆತುಬಿಡು ಅಂದ.

"ಮರತೆ, ಸಾಹೇಬರ."

ಸಂಜೆ ಗಣಪತಿ ಗುಡಿಯ ರಸ್ತೆಯ ಸ್ಟಾಪಿನಲ್ಲಿ ಒಬ್ಬಳೇ ನಿಂತಿದ್ದಳು. ಪಕ್ಕದಲ್ಲಿ ಕರೇ ಟೊಪ್ಪಿಗೆ ಬಂದು ನಿಂತಿತು.

"ಮೈಕ್ ಯಾಕ ಬಿಟ್ರಿ?"

"ನಗೂ ಬರವಲ್ದ್ರಿ. ನನ್ನ ನಗು ಅಂದ್ರ ನನಗ ಹೇಸಿಗಿ ಬಂದದ."

ಮಾಂತು ಅಂಗಿಯ ಕಿಸೆಯಿಂದ ಫೋನು ತೆಗೆದು, ತಾನು ಮಾಡಿದ ಕರೆಗಳ ಪಟ್ಟಿಯನ್ನು ಅವಳ ಮುಂದೆ ಹಿಡಿದ. 'ಅವ್ವ', ಏಳೂವರೆ, ಐದು ನಿಮಿಷ. 'ಅವ್ವ', ಏಳೂವರೆ, ಐದು ನಿಮಿಷ. ಬೆರಳು ಸರಿಸಿದಷ್ಟೂ ಅದೇ.

"ಅವ್ವ ಹಾಸಗಿ ಹಿಡದು ವರ್ಷ ಆಗಿತ್ರಿ. ನಾ ಇಲ್ಲಿ ಸೇರಿದ ದಿನಾ ಅಕಿ ಕೂಡ ಮಾತಾಡಿ ಫೋನ್ ಬಂದ್ ಮಾಡೂದು ಮರತಿದ್ದೆ. ನಿಮ್ಮ ನಗು ಕೇಳಿ ಅಕೀನೂ ನಕ್ಕಳಂತ. ಮರದಿನಾ ತಾನ ಹೇಳಿದ್ಲು, 'ಆ ಹುಡುಗಿ ನಗೂ ಹೊತ್ತಿಗೆ ಫೋನ್ ಹಚ್ಚೋ' ಅಂತ."

ಕಿಸೆಯ ಮೇಲಿನ ಕೈ! ಶೈಲಾಳಿಗೆ ಈಗ ತಿಳಿಯಿತು.

"ಮತ್ತ... ನೀವ್ಯಾಕ ನಗತಿರಲಿಲ್ರಿ?"

"ನಾ ನಕ್ರ ನಿಮ್ಮ ನಗು ಅಕಿಗೆ ಸರಿ ಕೇಳತಿರಲಿಲ್ರಿ."

ಅವಳ ಕಣ್ಣು ತುಂಬಿ ರಸ್ತೆ ಕಲಸಿಹೋಯಿತು.

"ಕಡೀ ವಾರ ಉಣ್ಣಾಕ ಒಲ್ಲೆ ಅಂತಿದ್ಲು. ನೀವು ನಕ್ಕ ಮ್ಯಾಲೆ ಎರಡು ಚಮಚ ಗಂಜಿ ಕುಡೀತಿದ್ಲಂತ. ತಂಗಿ ಹೇಳಿದ್ಲು." ಫೋನಿನ ಪರದೆ ಆರಿಸಿದ. "ಐತವಾರ ನಿಮ್ಮ ನಗು ಇರಲಿಲ್ರಿ. ಅವತ್ತ ಹ್ವಾದಳು."

"ಅವ್ವ... ನನ್ನ ಬಗ್ಗೆ ಏನರ ಅಂತಿದ್ರೇನ್ರಿ?"

ಮಾಂತು ನಾಚಿ ಟೊಪ್ಪಿಗೆ ಕೆಳಗೆ ಎಳೆದುಕೊಂಡ.

"ಅಂತಿದ್ಲು... 'ತಗಡಿನ ಮ್ಯಾಲೆ ಜ್ವಾಳಾ ಸುರದಂಗ ನಗತಾಳ. ಮಾರಿ ಹೆಂಗರ ಇರಲಿ, ಇಕಿನ್ನ ಸೊಸಿ ಮಾಡಿ ತಂದುಬಿಡು. ನಾ ಏನು ನೋಡಾಕ ಹೋಗಂಗಿಲ್ಲ, ಕೇಳೂದಷ್ಟ!'"

ಅಳುವಿನ ನಡುವೆಯೇ ಶೈಲಾಳಿಗೆ ನಗು ಸಿಡಿಯಿತು. ಖಳ್ ಎಂದು, ಥೇಟ್ ತಗಡಿನ ಮೇಲೆ ಜೋಳ! ಮರುಕ್ಷಣ ನಾಚಿಕೆ ನುಗ್ಗಿತು. 'ಛೀ... ಇವನ ಮುಂದೆ ಮತ್ತೆ ನಕ್ಕೆನೇ?' ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡಳು.

"ಮುಚ್ಚಬ್ಯಾಡ್ರಿ."

ಅಷ್ಟಂದು ಅವನೂ ನಕ್ಕ. ನಕ್ಕನೋ, ಹತ್ತದ ಮೋಟರ್ ಸ್ಟಾರ್ಟ್ ಮಾಡಿದನೋ! "ಗಕ್... ಗಕ್... ಗಕ್!"

"ಅಯ್ಯ! ಇದಕ್ಕ ಏನ್ರಿ ನೀವು ನಗದ ಇದ್ದದ್ದು?"

"ಅದೂ ಒಂದು ಕಾರಣ ಅದರಿ."

ಬಸ್ಸು ಬಂತು. ಇಬ್ಬರೂ ಹತ್ತಲಿಲ್ಲ.

"ಶೈಲಾ... ನಿಮ್ಮ ನಂಬರ್ ಕೊಡ್ತೀರೇನ್ರಿ? ಏಳೂವರೆಗೆ ಒಬ್ಬರಿಗೆ ಹಚ್ಚಿ ರೂಢಿ ಆಗ್ಯದ."

"ಏಳೂವರೆಗೆ ನಾನೂ ಅಲ್ಲೇ ಅಂಗಳದಾಗ ಇರ್ತೀನಲ್ರಿ!"

"ಅಲ್ಲಿ ನಗೂದು ಕಂಪನೀದು. ಐತವಾರ ಹಚ್ತೀನ್ರಿ. ಐತವಾರ ಅಂದ್ರ... ನನಗ ಭಾಳ ಕಷ್ಟ."

ಅವಳು ಅವನ ಫೋನು ತೆಗೆದುಕೊಂಡು ತಾನೇ ನಂಬರ್ ಒತ್ತಿದಳು. ಬೆರಳು ಒಮ್ಮೆ ನಿಂತಿತು.

"ಆ ದಿನಾ ನನಗ ನಗೂ ಬರಲಿಲ್ಲಂದ್ರ?"

"ಬರೂದು ಬ್ಯಾಡ್ರಿ," ಅಂದ ಮಾಂತು. "ಸುಮ್ಮನಿದ್ರೂ ಕೇಳ್ತೀನಿ."