ಅಪ್ಪನ ಕತ್ತರಿ

ಕಾಲವನ್ನು ಹಿಂದೆ ಮುಂದೆ ಮಾಡುವ ಮಾಯಾವಿದ್ಯೆಯ ಶಾಲೆಯೊಂದಕ್ಕೆ ನಾನೇ ದರ್ಜಿ, ನಂಬುವವರು ನಂಬಲಿ. ಒಂದು ಮಧ್ಯಾಹ್ನ ಅಲ್ಲಿ ದೊಡ್ಡ ಮೇಡಂ ಅವರ ರೇಷ್ಮೆ ನಿಲುವಂಗಿಯ ತೋಳನ್ನು ಗೇಣುದ್ದ ಗಿಡ್ಡ ಕತ್ತರಿಸಿಬಿಟ್ಟೆ. ಹೆದರುತ್ತಲೇ ಹೋಗಿ ಅವರಿಗೆ ತೋರಿಸಿದೆ.

"ಅಷ್ಟಕ್ಕೆಲ್ಲ ಹೆದರ್ತಾರೇನಪ್ಪಾ?" ಎಂದು ನಕ್ಕು, ಅವರು ನನ್ನ ಅಪ್ಪನ ಕಾಲದ ಕತ್ತರಿಯನ್ನು ಬಟ್ಟೆಯ ಮೇಲೆ ಹಿಂದಕ್ಕೆ ನಡೆಸಿದರು. ಕೋಣೆ ತಣ್ಣಗಾಯಿತು. ಕಚ್, ಕಚ್ ಎಂದ ಹಾಗೆಲ್ಲ ರೇಷ್ಮೆ ಕೂಡಿಕೊಂಡಿತು; ಒಂದೆಳೆಯೂ ಆಚೀಚೆ ಇಲ್ಲ. ಎಂಥ ಕೈ! ಇವತ್ತಿಗೂ ಕೈಮುಗಿಯುತ್ತೇನೆ.

ಮನೆಗೆ ಬಂದ ಮೇಲೆ ನೋಡಿಕೊಂಡೆ. ಚಿಕ್ಕಂದಿನಲ್ಲಿ ಅಕ್ಕ ಅದೇ ಕತ್ತರಿ ತಾಗಿಸಿ ಮಾಡಿದ್ದ ಗಾಯದ ಕಲೆ ನನ್ನ ಹೆಬ್ಬೆರಳಿನಲ್ಲಿ ಇರಲಿಲ್ಲ. ಅಕ್ಕನಿಗೆ ತೋರಿಸಿದೆ.

"ನಿನಗೆಲ್ಲೋ ಗಾಯ ಆಗಿತ್ತು? ನೀನು ತಾನೇ ನನಗೆ ತಾಗಿಸಿದ್ದು!" ಎಂದು ಅಕ್ಕ ತನ್ನ ಹೆಬ್ಬೆರಳು ಚಾಚಿದಳು.

ಅದೇ ಕಲೆ. ಮುಟ್ಟಿ ನೋಡಿದೆ, ತಣ್ಣಗಿತ್ತು.