ಕರಿಬಂಡೆ ಕಡವಿನ ಐದು ಕೋಲು

೧೯೬೩ನೇ ಇಸವಿ, ಆಗಸ್ಟ್ ಇಪ್ಪತ್ತು, ಮಂಗಳವಾರ. ಬೆಳಿಗ್ಗೆ ಹತ್ತು ಗಂಟೆ ನಲವತ್ತು ನಿಮಿಷ.

ಹಿಂದಿನ ಲಾರಿ ನನ್ನ ಜೀಪಿಗೆ ಎರಡನೇ ಸಲ ಗುದ್ದಿತು!

ಸ್ಟಿಯರಿಂಗ್ ಕೈಯಲ್ಲಿ ತಿರುಗಿತು. ಎಡಕ್ಕೆ ಕಣಿವೆ. ಬಲಕ್ಕೆ ಗುಡ್ಡ. ಕುಂಬಾರವಾಡದಿಂದ ಜೋಯಿಡಾಕ್ಕೆ ಬರುವ ಆ ರಸ್ತೆಯಲ್ಲಿ ಒಂದು ಎತ್ತಿನಗಾಡಿ ಎದುರಾದರೂ ಕತೆ ಮುಗಿದಂತೆ.

"ಮಾಸ್ತರ, ಇನ್ನಷ್ಟು ಜೋರ ಹೊಡೀರಿ!" ಹಿಂದಿನ ಸೀಟಿನಿಂದ ಜುಜೆ ಕೂಗಿದ.

"ಇದು ಜೀಪು, ವಿಮಾನ ಅಲ್ಲೋ!"

ಜುಜೆ ಕರಿಬಂಡೆ ದೋಣಿ ಕಡವಿನಲ್ಲಿ ನೀರು ಅಳೆಯುವ ಅಳತೆಗಾರ. ಸಿದ್ದಿ ಜನಾಂಗದವನು. ಪಕ್ಕದಲ್ಲಿ ಅವನ ಹೆಂಡತಿ ಅಗ್ನೆಸ್. ಅವಳ ತೋಳಿನಲ್ಲಿ ಐದು ಬಿದಿರುಕೋಲು. ಉದ್ದದ್ದು ಹದಿಮೂರು ಅಡಿ, ಜೀಪಿನ ಹಿಂದೆ ಬಾಲದಂತೆ ಚಾಚಿತ್ತು. ಅರ್ಧ ಮೈಲಿ ದೂರದಿಂದ ಲಾರಿಯ ಗೂಳಪ್ಪ ನಮ್ಮ ಗುರುತು ಹಿಡಿದದ್ದು ಆ ಬಾಲದಿಂದಲೇ.

ಮಧ್ಯಾಹ್ನ ಎರಡಕ್ಕೆ ನಾವು ದಾಂಡೇಲಿಯಲ್ಲಿರಬೇಕು. ವಿಚಾರಣೆಯ ಕೊನೆಯ ದಿನ. ತಲುಪದಿದ್ದರೆ ಒಂಬತ್ತು ಸಾವಿನ ಹೊಣೆ ಜುಜೆಯ ತಲೆಯ ಮೇಲೆ... ಅವನು ಸೀದಾ ಜೈಲಿಗೆ.

ಮಂತ್ರಿ ನಾಗಲಿಂಗಪ್ಪ ಸಾಹೇಬರ ಬಗ್ಗೆ ನೀವು ಕೇಳಿದಿರಿ. ಮೊದಲು ಅದನ್ನು ಹೇಳಿಬಿಡುತ್ತೇನೆ. ಲಾರಿ ಹೇಗೂ ಹಿಂದೆ ಬರುತ್ತಲೇ ಇರುತ್ತದೆ.

ನಾನು ಶೇಖಪ್ಪ. ಧಾರವಾಡದ ಬಿ.ಎಸ್ಸಿ. ಹಳಿಯಾಳದ ಹೈಸ್ಕೂಲಿನಲ್ಲಿ ವಿಜ್ಞಾನದ ಮಾಸ್ತರನಾಗಿದ್ದೆ. ಸಾಹೇಬರು ಆಗ ಬರೀ ತಾಲೂಕು ಬೋರ್ಡಿನ ಮೆಂಬರ್. ಐವತ್ತೇಳರ ಚುನಾವಣೆಗೆ ಮುಂಚೆ ಒಂದು ದಿನ ಲ್ಯಾಬಿಗೆ ಬಂದರು. ನನ್ನ ಸ್ಲೈಡ್ ರೂಲ್ ಎತ್ತಿ ತಿರುಗಿಸಿ ನೋಡಿದರು.

"ಮಾಸ್ತರ, ಇದರಾಗ ವೋಟಿನ ಲೆಕ್ಕಾ ಬರತೈತೇನ್ರಿ?"

"ಬರತೈತ್ರಿ."

ಬಂತು. ಸಾಹೇಬರು ಗೆದ್ದರು; ನನ್ನ ಅಂದಾಜಿಗೂ ಫಲಿತಾಂಶಕ್ಕೂ ಬರೀ ನೂರಾಹನ್ನೆರಡು ವೋಟಿನ ವ್ಯತ್ಯಾಸ. ಮಾರನೇ ದಿನ ಶಾಲೆಗೆ ರಾಜೀನಾಮೆ ಕೊಟ್ಟೆ. ಅಂದಿನಿಂದ ಅವರ ಭಾಷಣ ಬರೆದವನು ನಾನು. ಜಗಳ ಬಿಡಿಸಿದವನು, ಬಾಯಿ ಮುಚ್ಚಿಸಿದವನು ನಾನು.

ಸಾಹೇಬರು ಕೆಟ್ಟವರಾಗಿರಲಿಲ್ಲ. ಮುಂಡಗೋಡ ಸೀಮೆಯ ಮಳಗಿಯಲ್ಲಿ ಒಬ್ಬ ಮುದಕವ್ವನ ಒಲೆಯ ಮುಂದೆ ಕುಕ್ಕರಗಾಲಿನಲ್ಲಿ ಕೂತು, ಅವಳ ಏಳೂ ಮೊಮ್ಮಕ್ಕಳ ಹೆಸರು ಹಿಡಿದು ವಿಚಾರಿಸುತ್ತಿದ್ದರು. ಯಾರೂ ಕಿವಿಯಲ್ಲಿ ಹೇಳಿಕೊಡಬೇಕಿರಲಿಲ್ಲ. ಅರವತ್ತೆರಡರಲ್ಲಿ ಉಪಮಂತ್ರಿಯಾದರು. ಅರವತ್ತಮೂರರ ಜುಲೈನಲ್ಲಿ ಪೂರ್ತಿ ಮಂತ್ರಿ.

ಕಾರಿಗೆ ಬಾವುಟ ಬಂತು. ಕಾಯುವ ತಾಳ್ಮೆ ಹೋಯಿತು.

ಜುಲೈ ಹದಿನಾರು. ಸೂಪಾದ ಹತ್ತಿರ, ಕಾಳಿ ನದಿಯ ಕರಿಬಂಡೆ ಕಡವಿನಲ್ಲಿ ಸನ್ಮಾನ. ಹಾರ ಹಿಡಿದ ಜನ ಆಚೆ ದಡದಲ್ಲಿದ್ದರು. ನೀರು ಹನ್ನೆರಡು ಅಡಿ ದಾಟಿದರೆ ದೋಣಿ ಬಿಡಬಾರದು ಎಂಬುದು ಕಡವಿನ ನಿಯಮ. ಜುಜೆ ಕೆಂಪು ಬಟ್ಟೆ ಏರಿಸಿದ್ದ. ಹನ್ನೊಂದು ಗಂಟೆ. ಸಾಹೇಬರು ವಾಚು ನೋಡಿಕೊಂಡರು.

"ಗೂಳಪ್ಪ, ಆ ಅರಿವಿ ಇಳಸು."

ಗೂಳಪ್ಪ ಅವರ ಬಲಗೈ ಬಂಟ. ಇಳಿಸಿದ. ಬಟ್ಟೆ ಇಳಿದದ್ದು ಕಂಡು ಆಚೆಯಿಂದ ದೋಣಿ ಹೊರಟಿತು.

ಹಾರಗಳು ಮೊದಲು ದಡಕ್ಕೆ ಬಂದವು. ಒಂಬತ್ತು ಹೆಣ ಆಮೇಲೆ.

ಅಂದು ಸಂಜೆ ಸಾಹೇಬರು ಹೇಳಿದರು, ನಾನು ಬರೆದೆ. 'ನೀರು ಹನ್ನೊಂದೇ ಅಡಿ ಇದೆ ಎಂದು ಅಳತೆಗಾರ ಜುಜೆ ತಿಳಿಸಿದ್ದರಿಂದ ದೋಣಿ ಬಿಡಲಾಯಿತು.' ಅಕ್ಷರ ದುಂಡಗಿತ್ತು.

ಆ ಹೇಳಿಕೆಗೆ ಜುಜೆಯ ಹೆಬ್ಬೆಟ್ಟು ಬೇಕಿತ್ತು. ಹಿಂದಿನ ದಿನ, ಸೋಮವಾರ ಮಧ್ಯಾಹ್ನ ಅದನ್ನು ತರಲೆಂದೇ ನಾನು ಕುಂಬಾರವಾಡಕ್ಕೆ ಹೋದೆ.

ಅಗ್ನೆಸ್ ಬಾಗಿಲಿಗೆ ಅಡ್ಡ ನಿಂತಳು.

"ಹೆಬ್ಬಟ್ಟು ಅಷ್ಟೇ ಬೇಕೇನ್ರಿ? ಕೈ ಪೂರಾ ಕಡಕೊಂಡು ಒಯ್ರಿ!"

"ನಾ ಬರೇ ಕಾಗದ ತಂದೇನವ್ವ..."

"ಗೊತ್ತೈತ್ರಿ. ಕತ್ತಿ ತಂದವರನ್ನ ನಾ ಒಳಗ ಬಿಡತೇನಿ, ಕುಂದರಸ್ತೇನಿ. ಕಾಗದ ತಂದವರನ್ನ ನಾಕಾ, ಬ್ಯಾಡ!"

ಜುಜೆ ಮಾತ್ರ ನಗುತ್ತಲೇ ಕರೆದ. ಅಟ್ಟದಿಂದ ಆ ದಿನದ ಐದು ಕೋಲು ಇಳಿಸಿದ. ಅವನಿಗೆ ಓದು ಬರಹ ಬಾರದು. ಹಿಂದಿನ ಓವರ್‌ಸಿಯರ್ ಹೇಳಿಕೊಟ್ಟ ಪದ್ಧತಿ ಅದು. ಮಳೆಗಾಲದಲ್ಲಿ ಗಂಟೆಗೊಮ್ಮೆ, ಕಡವಿನ ನೀರಿನಲ್ಲಿ ನೆಟ್ಟ ಅಳತೆಗಂಬದ ತುದಿಯಿಂದ ಕೆಳಕ್ಕೆ ಬಿದಿರು ಇಳಿಬಿಡುವುದು. ಅದು ನೀರಿಗೆ ತಾಗಿದಲ್ಲಿಗೆ ಕಡಿಯುವುದು. ಎಷ್ಟು ಗಂಟೆಯೋ ಅಷ್ಟು ಕಚ್ಚು ಹಾಕುವುದು. ವಾರಕ್ಕೊಮ್ಮೆ ಗುಮಾಸ್ತ ಬಂದು ಕೋಲು ಅಳೆದು ರಿಜಿಸ್ಟರಿಗೆ ಏರಿಸುತ್ತಿದ್ದ. ಆ ಸಾವುಗಳ ನಂತರ ಗುಮಾಸ್ತ ಇತ್ತ ತಲೆ ಹಾಕಿರಲಿಲ್ಲ.

"ಮ್ಯಾಲಿಂದ ಯಾಕ ಅಳೀತಿ?" ಕೇಳಿದೆ.

"ತಳದಿಂದ ಅಳಿಯಾಕ ನಾ ಏನ್ ಮೊಸಳಿಯೇನ್ರಿ?"

ಇಷ್ಟು ನೆನಪಿಡಿ. ಕೋಲು ಉದ್ದವಿದ್ದರೆ ನೀರು ಕಡಿಮೆ. ಕೋಲು ಗಿಡ್ಡವಾದಷ್ಟೂ ನೀರು ಹೆಚ್ಚು.

ಏಳು ಕಚ್ಚಿನ ಕೋಲು ಹದಿಮೂರು ಅಡಿ. ಎಂಟರದು ಅದಕ್ಕಿಂತ ಗಿಡ್ಡ. ಒಂಬತ್ತರದು, ಹತ್ತರದು ಇನ್ನೂ ಇನ್ನೂ ಗಿಡ್ಡ. ಹನ್ನೊಂದು ಕಚ್ಚಿನದನ್ನು ಮೂರು ಸಲ ಅಳೆದೆ. ಹಳೆಯ ಅಭ್ಯಾಸ. ಮೂರು ಸಲವೂ ಒಂದೇ ಉತ್ತರ.

ಕಾಗದ ಮಡಚಿ ಜೇಬಿಗಿಟ್ಟೆ.

"ನಾಳೆ ದಾಂಡೇಲಿಗೆ ಹೋಗೂಣು," ಅಂದೆ. "ಕೋಲು ತಗೊಂಡ ಬರ್ರಿ."

ಅಗ್ನೆಸ್ ನನ್ನ ಮುಖವನ್ನೇ ನೋಡಿದಳು. "ನಾನೂ ಬರ್ತೇನಿ. ನಿಮ್ಮ ಮ್ಯಾಲೆ ಭರೋಸೆ ಇಲ್ರಿ."

ತಪ್ಪೇನು ಹೇಳಿದಳು?

...ಲಾರಿ ಮೂರನೇ ಸಲ ಗುದ್ದಿತು! ಜೀಪ್ ಗುಡ್ಡಕ್ಕೆ ಮೂತಿ ಕೊಟ್ಟು ನಿಂತಿತು. ಗಾಜು ಪುಡಿ. ನನ್ನ ಹುಬ್ಬಿನಿಂದ ರಕ್ತ.

ಗೂಳಪ್ಪ ಇಳಿದು ಬಂದ. ಕೈಯಲ್ಲಿ ಜೋಡುನಳಿಗೆ ಬಂದೂಕು.

"ಏನ್ರಿ ಮಾಸ್ತರ, ಹೆಬ್ಬಟ್ಟು ತಗೊಂಬಾ ಅಂದ್ರ ಮನಿಷ್ಯಾನ್ನ ತಂದೀರಲ್ಲಾ!"

"ಬೆರಳು ಬಿಚ್ಚಾಕ ಬರಲಿಲ್ಲೋ."

"ಹಾಂ, ಮಸ್ಕಿರಿ!" ನಳಿಗೆ ನನ್ನ ಗಂಟಲಿಗೆ ತಾಗಿತು. ತಣ್ಣಗಿತ್ತು. "ಕಾಗದ ತಗೀರಿ."

ತೆಗೆದೆ. ನಳಿಗೆ ಜುಜೆಯ ಕಡೆ ತಿರುಗಿತು. ಲಾರಿಯ ಸೈಲೆನ್ಸರಿನ ಮಸಿಯಲ್ಲೇ ಹೆಬ್ಬೆಟ್ಟು ಒತ್ತಿಸಿದ. ಆಮೇಲೆ ಕೋಲು ಕೆಳಗೆಳೆದ. ಮರದ ದಿಮ್ಮಿ ಅಳೆಯುವ ಟೇಪ್ ಅವನ ಲಾರಿಯಲ್ಲಿ ಸದಾ ಇರುತ್ತದೆ.

"ಹದಿಮೂರು ಅಡಿ... ಅಯ್ಯಯ್ಯೋ, ಹನ್ನೆರಡಕ್ಕಿಂತ ಜಾಸ್ತಿ! ಎಲ್ಲಾ ಸುಟ್ಟ ಬಿಡತೇನಿ."

ದನಿ ತಣ್ಣಗಿಟ್ಟುಕೊಂಡೆ.

"ಎಲ್ಲಾ ಸುಟ್ಟರ ಜಡ್ಜ್ ಕೇಳೂದಿಲ್ಲೇನು, ಕೋಲು ಎಲ್ಲಿ ಹ್ವಾದುವು ಅಂತ? ಒಂದಾದ್ರೂ ಬಿಡು. ಹನ್ನೆರಡರ ಒಳಗಿಂದು ನೋಡಿ ಬಿಡು."

ಗೂಳಪ್ಪ ಯೋಚಿಸಿದ. ಅವನು ಯೋಚಿಸುವಾಗ ತುಟಿ ಅಲ್ಲಾಡುತ್ತದೆ. ಒಂದೊಂದೇ ಅಳೆದ. ಕೊನೆಯದಕ್ಕೆ ಬಂದ.

"ಒಂಬತ್ತು ಅಡಿ ಮೂರು ಅಂಗುಲ! ಎಲ್ಲಾಕಿಂತ ಗಿಡ್ಡ. ಇದನ್ನ ಬಿಡತೇನಿ."

ಜುಜೆಗೆ ತಡೆಯಲಾಗಲಿಲ್ಲ. ಹನ್ನೆರಡು ವರ್ಷ ಅದೇ ಕೆಲಸ ಮಾಡಿದವನು. ತನ್ನ ಕೋಲನ್ನು ಒಬ್ಬ ತಲೆಕೆಳಗು ಓದುತ್ತಿದ್ದರೆ ಹೇಗೆ ಸುಮ್ಮನಿರುತ್ತಾನೆ?

"ಏ ಗೂಳಪ್ಪಾ, ನಿನಗ ಕೋಲು ಹಿಡಿಯಾಕ..."

ಅಗ್ನೆಸ್ ಅವನ ಪಾದ ತುಳಿದಳು. ಬಲವಾಗಿ!

"ಸುಮ್ನಿರು! ಮಂತ್ರಿ ಮಂದಿಗೆ ಎಲ್ಲಾ ಗೊತ್ತಿರತೈತಿ."

"ಹಂಗ ಹೇಳವ್ವ ನಿನ ಗಂಡಗ," ಅಂದ ಗೂಳಪ್ಪ, ಖುಷಿಯಾಗಿ.

ಡೀಸೆಲ್ ಸುರಿದ. ನಾಲ್ಕು ಕೋಲು ಹೊತ್ತಿ ಉರಿದವು. ಗಂಟು ಸಿಡಿದಾಗಲೆಲ್ಲ ಬಂದೂಕಿನಂಥ ಸದ್ದು. ಪ್ರತಿ ಸದ್ದಿಗೂ ನಾನು ಬೆಚ್ಚಿದೆ. ಉಳಿದ ಒಂದು ಕೋಲು, ನಾವು ಮೂವರು, ಎಲ್ಲ ಲಾರಿಗೆ. ಸೀದಾ ದಾಂಡೇಲಿ.

ಒಂದು ಗಂಟೆ ಇಪ್ಪತ್ತು ನಿಮಿಷ. ಪ್ರವಾಸಿ ಬಂಗಲೆಯ ಹಿಂದಿನ ಕೋಣೆ. ಸಾಹೇಬರು ಒಬ್ಬರೇ ಇದ್ದರು. ಸಿಟ್ಟಾಗಲಿಲ್ಲ. ನನ್ನ ಹುಬ್ಬಿನ ಗಾಯಕ್ಕೆ ತಮ್ಮ ಕರವಸ್ತ್ರ ಕೊಟ್ಟರು.

"ಶೇಖಪ್ಪ, ನನಗ ನಿದ್ದಿ ಇಲ್ಲೋ. ಒಂಬತ್ತು ಮಂದಿ. ಹೆಸರು ಹೇಳಲೇನು?"

ಹೇಳಿದರು. ಒಂಬತ್ತೂ ಹೆಸರು. ಯಾರಿಗೆ ಎಷ್ಟು ಮಕ್ಕಳು, ಯಾವ ಮಗುವಿಗೆ ಯಾವ ಹೆಸರು... ಒಂದೂ ತಪ್ಪಲಿಲ್ಲ. ಆ ದನಿಯಲ್ಲಿ ನಾಟಕ ಇರಲಿಲ್ಲ. ನನಗೆ ಹೆದರಿಕೆಯಾದದ್ದು ಬಂದೂಕಿನ ಮುಂದೆ ಅಲ್ಲ. ಅಲ್ಲಿ, ಆ ಕೋಣೆಯಲ್ಲಿ.

"ಹಂಗಾರ ನಿಜ ಹೇಳಿಬಿಡ್ರಿ, ಸಾಹೇಬ್ರ."

"ನಾ ಹೇಳಿದ್ನಿ ಅಂದ್ರ? ನನ್ನ ಖುರ್ಚಿ ಹೋತು. ಆ ಕಡವಿಗೆ ಸೇತುವಿ ಯಾರು ತರತಾರ? ಮುಂದಿನ ಮಳಿಗಾಲಕ್ಕ ಮತ್ತ ಒಂಬತ್ತು ಮಂದಿ! ಜುಜೆ ಎರಡು ವರ್ಷ ಒಳಗ ಇರತಾನ. ಅವನ ಮನಿ ನಾ ನೋಡಿಕೊಳ್ತೇನಿ. ನೀನೇ ಲೆಕ್ಕಾ ಹಾಕು. ನಿನಗ ಲೆಕ್ಕಾ ಬರತೈತಲ್ಲ?"

ಹಾಕಿದೆ. ಸುಳ್ಳು ಹೇಳುವುದಿಲ್ಲ, ಒಂದು ಕ್ಷಣ ಲೆಕ್ಕ ಸರಿ ಅನ್ನಿಸಿತು.

"ಕೋಲು ನೀನೇ ಅಳಿ," ಅಂದರು. "ವಿಜ್ಞಾನ ಓದಿದಾಂವ, ಜಡ್ಜ್ ನಂಬತಾರ. ಅರವತ್ತೇಳಕ್ಕ ನಿನಗೂ ಒಂದು ಟಿಕೆಟ್." ಬಾಗಿಲವರೆಗೆ ಬಂದು ಹೆಗಲ ಮೇಲೆ ಕೈಯಿಟ್ಟರು. "ಮತ್ತ ಒಂದು ಮಾತು. ಹನ್ನೊಂದು ಅಡಿ ಅಂತ ಬರದ ಅಕ್ಷರ ನಂದಲ್ಲ. ನಿಂದು. ನಾ ಮುಳುಗಿದರ ಮೊದಲ ನಿನ್ನ ಮೂಗಿಗೆ ನೀರು."

ಎರಡು ಗಂಟೆಗೆ ಮಿಲ್ಲಿನ ಸೈರನ್ ಕೂಗಿತು. ವಿಚಾರಣೆಯ ಹಾಲ್ ತುಂಬಿತ್ತು. ಮುಂದಿನ ಸಾಲಿನಲ್ಲಿ ಸತ್ತವರ ಕಡೆಯವರು.

ನ್ಯಾಯಾಧೀಶರು ನಿವೃತ್ತರು. ಕಿವಿ ಮಂದ, ಕಣ್ಣು ಚುರುಕು. ಫೈಲಿನಿಂದ ಓದಿದರು. ಕರಿಬಂಡೆ ಅಳತೆಗಂಬ, ತಳದಿಂದ ತುದಿಗೆ ಇಪ್ಪತ್ತಾರು ಅಡಿ.

ಸಾಹೇಬರ ವಕೀಲರು ಕೋಲು ಎತ್ತಿ ಹಿಡಿದರು. ಹನ್ನೊಂದು ಕಚ್ಚು ಎಣಿಸಿ ತೋರಿಸಿದರು. ಇದು ಹನ್ನೊಂದು ಗಂಟೆಯದೇ ಎಂದು ಜುಜೆಯಿಂದಲೇ ಹೇಳಿಸಿದರು. ನನ್ನನ್ನು ಕರೆದರು. ಅಳೆದೆ.

"ಒಂಬತ್ತು ಅಡಿ ಮೂರು ಅಂಗುಲ."

"ಗಮನಿಸಬೇಕು! ಹನ್ನೊಂದೂ ಅಲ್ಲ, ಒಂಬತ್ತೂ ಕಾಲು ಅಡಿ. ದೋಣಿ ಧಾರಾಳವಾಗಿ ಬಿಡಬಹುದಿತ್ತು!"

ಸಾಹೇಬರು ನನ್ನತ್ತ ನೋಡಿ ಸ್ವಲ್ಪವೇ ನಕ್ಕರು. ಐವತ್ತೇಳರಲ್ಲಿ ಲ್ಯಾಬಿನ ಬಾಗಿಲಲ್ಲಿ ನಕ್ಕ ಹಾಗೆಯೇ. ಮುಂದಿನ ಸಾಲಿನಲ್ಲಿ ಒಬ್ಬ ಮುದುಕಿ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ಜುಜೆ ತನ್ನ ಕಪ್ಪಾದ ಹೆಬ್ಬೆರಳನ್ನು ಉಜ್ಜುತ್ತಲೇ ಇದ್ದ.

"ಸ್ವಾಮಿ," ಅಂದೆ, "ಈ ಕೋಲು ನೀರನ್ನು ಅಳೆದದ್ದಲ್ಲ."

"ಜೋರಾಗಿ ಹೇಳಿ!"

"ಇದು ಕಂಬದ ತುದಿಯಿಂದ ನೀರಿನ ತನಕದ ಅಳತೆ. ನೀರಿನ ಮೇಲೆ ಉಳಿದ ಒಣ ಭಾಗ. ಗುಮಾಸ್ತರನ್ನು ಕರೆಸಿ ಕೇಳಬಹುದು. ಹನ್ನೆರಡು ವರ್ಷದ ರಿಜಿಸ್ಟರ್ ಹೀಗೇ ತುಂಬಿದೆ."

ಬಾಗಿಲ ಹತ್ತಿರ ಗೂಳಪ್ಪನ ತುಟಿ ಅಲ್ಲಾಡತೊಡಗಿತು. ಸುಟ್ಟ ನಾಲ್ಕನ್ನು, ಉಳಿಸಿದ ಒಂದನ್ನು ಮತ್ತೆ ಎಣಿಸುತ್ತಿದ್ದ, ಪಾಪ. ಸಾಹೇಬರ ಮುಖ ಮಾತ್ರ ಅಲ್ಲಾಡಲಿಲ್ಲ. ಅವರು ಗೂಳಪ್ಪನಿಗಿಂತ ಬೇಗ ಲೆಕ್ಕ ಮಾಡಬಲ್ಲವರು.

ನ್ಯಾಯಾಧೀಶರು ಹೇಳಿಕೆಯ ಕಾಗದ ಎತ್ತಿದರು.

"ಹಾಗಾದರೆ ಈ ಹನ್ನೊಂದು ಅಡಿ? ಇದು ಯಾರ ಬರಹ?"

"ನನ್ನದು."

"ಯಾರು ಬರೆಸಿದರು?"

ಕೈ ಎತ್ತಿ ಸಾಹೇಬರನ್ನು ತೋರಿಸಿದೆ.

"ಇದಕ್ಕೆ ನಿಮಗೂ ಶಿಕ್ಷೆಯಾಗುತ್ತದೆ. ಗೊತ್ತೇ?"

"ಗೊತ್ತು."

ಅವರು ಪೆನ್ನಿನ ಮುಚ್ಚಳ ತೆಗೆದರು. "ಆ ಹೊತ್ತಿನಲ್ಲಿ ಕಡವಿನ ನೀರು ಎಷ್ಟಿತ್ತು? ದಾಖಲೆಗೆ ಬೇಕು. ಸ್ಪಷ್ಟವಾಗಿ ಹೇಳಿ."

ಆರು ವರ್ಷ ಸಾಹೇಬರಿಗಾಗಿ ಭಾಷಣ ಬರೆದಿದ್ದೆ. ಇಷ್ಟು ಚಿಕ್ಕದನ್ನು ಎಂದೂ ಬರೆದಿರಲಿಲ್ಲ.

"ಹದಿನಾರು ಅಡಿ, ಒಂಬತ್ತು ಅಂಗುಲ."